ಅಳತೆಪಟ್ಟಿ ಹಿಡಿದ ಕ್ಷಮೆ

ತನ್ನ ಮಗುವನ್ನು ಕೊಂದವನಿಗೆ ತಂದೆಯೊಬ್ಬನು ಮರಗೆಲಸ ಕಲಿಸಬಲ್ಲನೇ? 2002ರಲ್ಲಿ ಬಂದ ‘ಲ ಫಿಸ್’ (ಮಗ) ಎಂಬ ಫ್ರೆಂಚ್ ಭಾಷೆಯ ಚಿತ್ರ ಈ ಪ್ರಶ್ನೆಯನ್ನು ನಮ್ಮೆದುರಿಗಿಡುತ್ತದೆ.

ಇದರ ನಿರ್ದೇಶಕರು ಬೆಲ್ಜಿಯಂ ದೇಶದ ಸಹೋದರರಾದ ಝಾನ್-ಪಿಯೆರ್ ಮತ್ತು ಲ್ಯೂಕ್ ದಾರ್ದೆನ್. ಉಕ್ಕಿನ ಉದ್ಯಮ ಕುಸಿದು ಸೊರಗಿದ ಸೆರೇನ್ ಪಟ್ಟಣವೇ ಅವರ ಹೆಚ್ಚಿನ ಚಿತ್ರಗಳ ನೆಲೆ. 1970ರ ದಶಕದಲ್ಲಿ ಕಾರ್ಮಿಕರ ಬದುಕನ್ನು ಸಾಕ್ಷ್ಯಚಿತ್ರಗಳಲ್ಲಿ ದಾಖಲಿಸಿದ ಇವರು ಮುಂದೆ ಕಥಾಚಿತ್ರಕ್ಕೆ ಹೊರಳಿದರು; ತಮ್ಮದೇ ನಿರ್ಮಾಣ ಸಂಸ್ಥೆಯನ್ನೂ ಕಟ್ಟಿಕೊಂಡರು. ಕೆಲಸಕ್ಕಾಗಿ ಹೋರಾಡುವ ಹುಡುಗಿಯ ಕಥೆ ‘ರೊಸೆಟ್ಟಾ’ 1999ರಲ್ಲಿಯೂ, ಹಸುಗೂಸನ್ನು ಮಾರಿಬಿಡುವ ತರುಣ ತಂದೆಯ ಕಥೆ ‘ಲಾಂಫಾಂ’ 2005ರಲ್ಲಿಯೂ ಕಾನ್ ಚಿತ್ರೋತ್ಸವದ ಅತ್ಯುನ್ನತ ಪ್ರಶಸ್ತಿ ಪಡೆದವು. ಆದರೂ ನನ್ನ ಮಟ್ಟಿಗೆ ‘ಮಗ’ನೇ ಅವರ ಶ್ರೇಷ್ಠ ಕೃತಿ.

ಓಲಿವಿಯೆ ಒಂದು ತರಬೇತಿ ಕೇಂದ್ರದ ಮರಗೆಲಸದ ಶಿಕ್ಷಕ. ಬಾಲಬಂಧನದಿಂದ ಬಿಡುಗಡೆಯಾದ ಹದಿನಾರರ ಫ್ರಾನ್ಸಿಸ್ ಅಲ್ಲಿಗೆ ಕಲಿಯಲು ಬರುತ್ತಾನೆ. ಐದು ವರ್ಷಗಳ ಹಿಂದೆ ತನ್ನ ಮಗನನ್ನು ಕೊಂದವನು ಇವನೇ ಎಂದು ಓಲಿವಿಯೆ ಬಲ್ಲ, ಹುಡುಗನಿಗೆ ತಿಳಿಯದು. ಅವನಿಗೇಕೆ ಕಲಿಸುತ್ತೀ ಎಂದು ಅಗಲಿದ ಪತ್ನಿ ಕೇಳಿದರೆ ಓಲಿವಿಯೆಯಲ್ಲಿ ಉತ್ತರವಿಲ್ಲ. ಕ್ಯಾಮೆರಾ ಬಹುಪಾಲು ಅವನ ಬೆನ್ನ ಹಿಂದೆಯೇ, ಕತ್ತಿನ ಬಳಿಯೇ ನಿಲ್ಲುತ್ತದೆ. ಹಿನ್ನೆಲೆ ಸಂಗೀತವಿಲ್ಲ. ಅವನ ಮನಸ್ಸಿನಲ್ಲಿರುವುದು ಸೇಡೋ ಕರುಣೆಯೋ ನಮಗೆ ತಿಳಿಯುವುದಿಲ್ಲ. ಬಹುಶಃ ಅವನಿಗೂ ತಿಳಿದಿಲ್ಲ.

ಒಂದು ರಾತ್ರಿ ಬೀದಿಯಲ್ಲಿ ನಿಂತು ಹುಡುಗ ಅವನನ್ನು ಪರೀಕ್ಷಿಸುತ್ತಾನೆ: ನನ್ನ ಪಾದಕ್ಕೂ ನಿಮ್ಮ ಪಾದಕ್ಕೂ ಎಷ್ಟು ದೂರ? ಗುರು ಕಣ್ಣಳತೆಯಲ್ಲೇ ಹೇಳುತ್ತಾನೆ. ಹುಡುಗ ಪಟ್ಟಿ ಹಿಡಿದು ನೋಡಿದರೆ ಲೆಕ್ಕ ಸರಿಯಾಗಿದೆ! ಕೊಂದವನಿಗೂ ಕಳೆದುಕೊಂಡವನಿಗೂ ನಡುವಣ ಅಂತರವನ್ನು ಇದಕ್ಕಿಂತ ಸರಳವಾಗಿ ತೋರಿಸಿದ ದೃಶ್ಯವನ್ನು ನಾನು ಕಂಡಿಲ್ಲ.

ನಮ್ಮ ಪ್ರಬೋಧನೆಗಳಲ್ಲಿ, ಹಬ್ಬದ ನಾಟಕಗಳಲ್ಲಿ ಕ್ಷಮೆಯೆಂದರೆ ಕಣ್ಣೀರು, ಆಲಿಂಗನ, ಕೊನೆಗೊಂದು ಗೀತೆ. ಪ್ರಭು ಕಲಿಸಿದ ಪ್ರಾರ್ಥನೆಯನ್ನು ದಿನವೂ ಹೇಳುವ ನಾವು, ಮನೆಯ ಆಸ್ತಿಜಗಳದಲ್ಲಿ ದೂರವಾದ ತಮ್ಮನ ಮುಖ ನೋಡಲು ಹಿಂಜರಿಯುತ್ತೇವೆ. ಈ ಚಿತ್ರದಲ್ಲಿ ‘ಕ್ಷಮಿಸಿದೆ’ ಎಂಬ ಘೋಷಣೆ ಎಲ್ಲಿಯೂ ಇಲ್ಲ.

ಇದೇ ಸಹೋದರರು 2019ರ ‘ಯಂಗ್ ಅಹಮದ್’ ಚಿತ್ರದಲ್ಲಿ ಮತಾಂಧತೆಗೆ ಸಿಲುಕಿದ ಬಾಲಕನ ಮನಸ್ಸನ್ನು ಹೊಗಲೆತ್ನಿಸಿದರು. ಅಲ್ಲಿಯ ಪರಿವರ್ತನೆ ನನಗೆ ಅವಸರದ್ದೆನಿಸಿತು. ಕ್ಷಮಾಯಾಚನೆಯನ್ನು ಕೊನೆಯ ಗಳಿಗೆಯಲ್ಲಿ ಹೊರಗಿನಿಂದ ತಂದು ಇರಿಸಿದಂತಿದೆ. ‘ಮಗ’ ಚಿತ್ರದಲ್ಲಿ ಹಾಗಲ್ಲ. ಮರದ ಗೋದಾಮಿನಲ್ಲಿ ಸತ್ಯ ತಿಳಿದು ಹುಡುಗ ಓಡುತ್ತಾನೆ, ಓಲಿವಿಯೆ ಬೆನ್ನಟ್ಟಿ ಕೆಡವಿ ಅವನ ಕುತ್ತಿಗೆಗೆ ಕೈ ಹಾಕುತ್ತಾನೆ. ಬಳಿಕ ಕೈ ಸಡಿಲಿಸುತ್ತಾನೆ. ಸ್ವಲ್ಪ ಹೊತ್ತಿಗೆ ಹುಡುಗ ತಾನಾಗಿ ಮರಳಿ ಬರುತ್ತಾನೆ. ಇಬ್ಬರೂ ಮಾತಿಲ್ಲದೆ ಹಲಗೆಗಳನ್ನು ಗಾಡಿಗೆ ಹೇರಿ ಕಟ್ಟತೊಡಗುತ್ತಾರೆ.