ಆವಿಗೆಯೊಳಗಿನ ಪರಮಾಣು

ಹಸಿ ಮಡಕೆಯಲ್ಲಿ ನೀರು ತುಂಬಿಟ್ಟರೆ ಸ್ವಲ್ಪ ಹೊತ್ತಿಗೆ ತಳ ಕಳಚಿ ಕೆಸರಾಗುತ್ತದೆ. ಅದೇ ಮಡಕೆ ಆವಿಗೆಯಲ್ಲಿ ಬೆಂದು ಬಂದರೆ ಬೆರಳಲ್ಲಿ ತಟ್ಟಿದಾಗ ಟಣ್ ಎನ್ನುತ್ತದೆ, ಬೇಸಿಗೆಯುದ್ದಕ್ಕೂ ನೀರು ತಂಪಾಗಿಡುತ್ತದೆ. ಬೂದು ಮಣ್ಣು ಕೆಂಪಗಾಗಿರುತ್ತದೆ. ಬೆಂಕಿಯೊಳಗೆ ಅದಕ್ಕೆ ಆದದ್ದಾದರೂ ಏನು? ಪರಮಾಣುವಾದಿಗಳಾದ ವೈಶೇಷಿಕ ದರ್ಶನದವರು ಈ ಪ್ರಶ್ನೆಯನ್ನು ಸಾವಿರ ವರ್ಷವಾದರೂ ಕೈಬಿಡಲಿಲ್ಲ.

ವೈಶೇಷಿಕ ಎಂದೊಡನೆ ನಮ್ಮ ಸಭೆಗಳಲ್ಲಿ ಕೇಳಿಬರುವ ಮಾತೇ ಬೇರೆ: ಡಾಲ್ಟನ್‌ಗಿಂತ ಎರಡು ಸಾವಿರ ವರ್ಷ ಮೊದಲೇ ಕಣಾದ ಪರಮಾಣುವನ್ನು ಕಂಡುಹಿಡಿದಿದ್ದ! ಈ ಹೊಗಳಿಕೆಯಿಂದ ವೈಶೇಷಿಕ ಸೂತ್ರಗಳನ್ನು ರಚಿಸಿದ ಕಣಾದನಿಗೆ ನಷ್ಟವೇ ಹೆಚ್ಚು. ರಸಾಯನ ವಿಜ್ಞಾನಿ ಡಾಲ್ಟನ್ 1803ರಲ್ಲಿ ಮಾಡಿದ್ದು ಪರಮಾಣುಗಳ ತೂಕದ ಪಟ್ಟಿ. ಆ ಪಂದ್ಯದಲ್ಲಿ ನಮ್ಮವರು ಇಳಿದೇ ಇರಲಿಲ್ಲ. ಅವರು ನಿಜಕ್ಕೂ ಗಟ್ಟಿಯಾಗಿ ಯೋಚಿಸಿದ ಜಾಗದ ಕಡೆಗೆ ಮಾತ್ರ ಹೊಗಳುವವರ ಕಣ್ಣು ಹೋಗುವುದಿಲ್ಲ.

ವೈಶೇಷಿಕರ ಪ್ರಕಾರ ಭೂಮಿ, ನೀರು, ತೇಜಸ್ಸು (ಬೆಂಕಿ, ಬೆಳಕು), ಗಾಳಿ ಈ ನಾಲ್ಕಕ್ಕೆ ಮಾತ್ರ ಪರಮಾಣುಗಳುಂಟು. ಆಕಾಶ ಎಲ್ಲೆಡೆ ತುಂಬಿದ್ದು, ಅದಕ್ಕೆ ಬಿಡಿಭಾಗವಿಲ್ಲ. ವಸ್ತುವನ್ನು ಕೊನೆಯಿಲ್ಲದೆ ಒಡೆಯುತ್ತಲೇ ಹೋಗಬಹುದಾದರೆ ಮೇರು ಪರ್ವತದಲ್ಲೂ ಸಾಸಿವೆಯಲ್ಲೂ ಲೆಕ್ಕವಿಲ್ಲದಷ್ಟು ಭಾಗಗಳಿರಬೇಕು, ಆಗ ಎರಡೂ ಒಂದೇ ಗಾತ್ರವಾಗಬೇಕಿತ್ತು. ಹಾಗಾಗಿ ಒಡೆಯುವಿಕೆ ಎಲ್ಲೋ ಒಂದು ಕಡೆ ನಿಲ್ಲಲೇಬೇಕು. ನಿಂತ ಜಾಗವೇ ಪರಮಾಣು. ಎರಡು ಪರಮಾಣು ಸೇರಿದರೆ ದ್ವ್ಯಣುಕ, ಮೂರು ದ್ವ್ಯಣುಕ ಸೇರಿದರೆ ತ್ರ್ಯಣುಕ. ಬೆಳಕಿಂಡಿಯಿಂದ ಇಳಿದ ಬಿಸಿಲುಕೋಲಿನಲ್ಲಿ ತೇಲುವ ಧೂಳಿನ ಕಣವಿದೆಯಲ್ಲ, ಅದೇ ತ್ರ್ಯಣುಕ. ಅಂದರೆ ಕಣ್ಣಿಗೆ ಕಾಣುವ ಧೂಳಿನಿಂದ ಪರಮಾಣುವಿಗೆ ಎರಡೇ ಮೆಟ್ಟಿಲು, ಒಂದು ಕಣದಲ್ಲಿ ಆರೇ ಪರಮಾಣು! ಇವತ್ತಿನ ಲೆಕ್ಕದಲ್ಲಿ ಅಂಥ ಕಣದಲ್ಲಿ ಸಾವಿರಾರು ಕೋಟಿ ಪರಮಾಣುಗಳಿರುತ್ತವೆ.

ಲೆಕ್ಕ ತಪ್ಪಿದ್ದಕ್ಕೆ ಅವರನ್ನು ದೂರುವುದು ನ್ಯಾಯವಲ್ಲ. ಆದರೆ ಆರು ಎಲ್ಲಿಂದ ಬಂತು ಎಂದು ನೋಡಬೇಕು. ಪರಮಾಣುವಿನ ಅತಿಸಣ್ಣತನಕ್ಕೆ ಇನ್ನೊಂದು ಅತಿಸಣ್ಣತನ ಸೇರಿದರೆ ಗಾತ್ರ ಹುಟ್ಟುವುದಿಲ್ಲ. ಗಾತ್ರ ಹುಟ್ಟಬೇಕಾದರೆ ಸಂಖ್ಯೆಯಿಂದ, ಅದೂ ‘ಬಹುತ್ವ’ದಿಂದ. ಬಹುತ್ವ ಶುರುವಾಗುವುದು ಮೂರರಿಂದ. ಎರಡಕ್ಕೆ ಪ್ರತ್ಯೇಕ ವಚನವಿರುವ ಸಂಸ್ಕೃತದಲ್ಲಿ ಯೋಚಿಸುವವನಿಗೆ ಇದು ಸಹಜವೆನ್ನಿಸಿರಬೇಕು. ಕನ್ನಡದಲ್ಲಿ ಯೋಚಿಸಿದ್ದರೆ ದ್ವ್ಯಣುಕವೇ ಕಣ್ಣಿಗೆ ಕಾಣುತ್ತಿತ್ತೋ ಏನೋ! ತಮಾಷೆ ಇರಲಿ, ರೋಮಿನ ಕವಿ ಲುಕ್ರೀಷಿಯಸ್ ಕೂಡ ಬಿಸಿಲಿನ ಧೂಳಿನಲ್ಲೇ ಪರಮಾಣುವಿನ ಸುಳಿವು ಹುಡುಕಿದ. ಅವನ ಕಣ್ಣಿಗೆ ಬಿದ್ದದ್ದು ಧೂಳಿನ ಕುಣಿತ, ನಮ್ಮವರ ಕಣ್ಣಿಗೆ ಬಿದ್ದದ್ದು ಅದರ ಅಳತೆ.

ಇನ್ನು ಮಡಕೆ. ಬೆಂಕಿ ಗುಣ ಬದಲಿಸುವುದು ಭೂಮಿಯಲ್ಲಿ ಮಾತ್ರ ಎಂಬುದು ಒಪ್ಪಿತ ಮಾತು. ಹಾಗಾದರೆ ಕಪ್ಪು ಮಡಕೆ ಕೆಂಪಾಗುವುದು ಹೇಗೆ? ವೈಶೇಷಿಕರ ಉತ್ತರ ಎದೆಗಾರಿಕೆಯದು: ಬಿಸಿ ತಾಗಿದೊಡನೆ ಮಡಕೆ ಪರಮಾಣುಗಳವರೆಗೂ ಬಿಡಿಬಿಡಿಯಾಗುತ್ತದೆ, ಒಂದೊಂದು ಪರಮಾಣುವೂ ಬೆಂದು ಕೆಂಪಾಗುತ್ತದೆ, ಮತ್ತೆ ಎಲ್ಲ ಕೂಡಿಕೊಂಡು ಹೊಸ ಮಡಕೆ ಹುಟ್ಟುತ್ತದೆ. ಪರಮಾಣುವಿಗೆ ಪೀಲು ಎಂಬ ಹೆಸರೂ ಇದ್ದುದರಿಂದ ಇದು ಪೀಲುಪಾಕವಾದ. ನ್ಯಾಯ ದರ್ಶನದವರಾದ ನೈಯಾಯಿಕರು ಒಪ್ಪಲಿಲ್ಲ. ಆವಿಗೆಗೆ ಹತ್ತು ಮಡಕೆ ಇಟ್ಟರೆ ಹತ್ತೇ ಹೊರಬರುತ್ತವೆ, ಅದೇ ಆಕಾರ, ಅದೇ ಜಾಗ. ನಡುವೆ ಪುಡಿಯಾಗಿದ್ದರೆ ಮೇಲೆ ಪೇರಿಸಿದ ಮಡಕೆಗಳು ಬೀಳಬೇಕಿತ್ತಲ್ಲ? ಮಡಕೆಗೆ ಸೂಕ್ಷ್ಮ ರಂಧ್ರಗಳಿವೆ, ಅವುಗಳಿಂದ ಬೆಂಕಿ ಒಳಹೊಕ್ಕು ಇಡೀ ಮಡಕೆಯನ್ನೇ ಬೇಯಿಸುತ್ತದೆ. ಇದು ಪಿಠರಪಾಕವಾದ, ಪಿಠರ ಎಂದರೆ ಮಡಕೆ. ಅದಕ್ಕೆ ವೈಶೇಷಿಕರು: ಸೂಜಿಯಿಂದ ಮಡಕೆಯನ್ನು ಗೀರಿದಾಗಲೂ ನಾಲ್ಕು ಕಣ ಉದುರಿ ಹಳೆಯ ಮಡಕೆ ಹೋಗಿ ಹೊಸದು ಬರುತ್ತದೆ, ಆಗ ಮೇಲಿದ್ದದ್ದು ಬೀಳುತ್ತದೆಯೇ?

ವಿಜಯನಗರ ಕಾಲದ ‘ಸರ್ವದರ್ಶನಸಂಗ್ರಹ’ದಲ್ಲಿ ವೈಶೇಷಿಕನೆಂದು ಕರೆಸಿಕೊಳ್ಳಲು ಬುದ್ಧಿ ಎಡವಬಾರದ ಮೂರು ಗಂಟುಗಳ ಮಾತು ಬರುತ್ತದೆ, ಅವುಗಳಲ್ಲಿ ಒಂದು ಈ ಪಾಕ, ಅಂದರೆ ಬೇಯುವಿಕೆ. ಹಳೆಯದು ಅಳಿದು ಹೊಸದರಲ್ಲಿ ಬಣ್ಣ ಮೂಡಲು ಒಂಬತ್ತು ಕ್ಷಣವೋ ಹತ್ತೋ ಹನ್ನೊಂದೋ ಎಂದೆಲ್ಲ ಎಣಿಸಿದ್ದಾರೆ. ಓದುವಾಗ ನಗು ಬರುತ್ತದೆ, ಆಮೇಲೆ ಗೌರವ ಬರುತ್ತದೆ. ಭಾಗಗಳು ಬದಲಾದರೂ ಇಡಿಯಾದದ್ದು ಅದೇ ಆಗಿ ಉಳಿಯುವುದು ಹೇಗೆ ಎಂಬ ನಿಜವಾದ ಕಷ್ಟ ಅಲ್ಲಿದೆ, ಅದನ್ನು ಅವರು ಹಾರಿಸಿ ಮುಂದೆ ಹೋಗಲಿಲ್ಲ.

ಚಿನ್ನದ ವಿಷಯವನ್ನೂ ನೋಡಿ. ಸಂಸ್ಕೃತ ಪಾಠಶಾಲೆಗಳಲ್ಲಿ ಇವತ್ತಿಗೂ ತರ್ಕದ ಮೊದಲ ಪುಸ್ತಕವಾಗಿರುವ ‘ತರ್ಕಸಂಗ್ರಹ’ ಚಿನ್ನವನ್ನು ತೇಜಸ್ಸಿನ ಗುಂಪಿಗೆ ಸೇರಿಸುತ್ತದೆ. ತುಪ್ಪ ಕರಗುತ್ತದೆ, ಇನ್ನೂ ಕಾಯಿಸಿದರೆ ಸುಟ್ಟುಹೋಗುತ್ತದೆ. ಚಿನ್ನ ಎಷ್ಟು ಕಾಯಿಸಿದರೂ ದ್ರವವಾಗಿಯೇ ನಿಲ್ಲುತ್ತದೆ. ಆದ್ದರಿಂದ ಅದು ಭೂಮಿಯಲ್ಲ. ಹಳದಿ ಬಣ್ಣ, ಭಾರ? ಅವು ಅದಕ್ಕಂಟಿದ ಭೂಮಿಯ ಅಂಶದವು. ಅಕ್ಕಸಾಲಿಗನ ಕುಲುಮೆಯ ಮುಂದೆ ಕೂತವನು ಕಂಡ ಸತ್ಯ ಇದು, ಆದರೆ ದ್ರವ್ಯಗಳ ಪಟ್ಟಿ ಮೊದಲೇ ಸಿದ್ಧವಾಗಿತ್ತು. ಕಂಡದ್ದು ಸಾಕ್ಷಿ ಹೇಳಲು ಬಂತೇ ಹೊರತು ಪಟ್ಟಿ ತಿದ್ದಲು ಬರಲಿಲ್ಲ.

ಈ ವಿಷಯದಲ್ಲಿ ಜೈನರು ಒಂದು ಹೆಜ್ಜೆ ಮುಂದೆ. ಅವರಿಗೆ ಪರಮಾಣುಗಳೆಲ್ಲ ಒಂದೇ ಜಾತಿ. ಅಂಟುವುದಕ್ಕೆ ಕಾರಣ ಸ್ನಿಗ್ಧತೆ ಮತ್ತು ರೂಕ್ಷತೆ, ಅವುಗಳಿಗೂ ಹೆಚ್ಚುಕಡಿಮೆ ಉಂಟು. ಕನ್ನಡ ನಾಡಿನ ಪೂಜ್ಯಪಾದರು ‘ಸರ್ವಾರ್ಥಸಿದ್ಧಿ’ಯಲ್ಲಿ ಇದಕ್ಕೆ ನೀರು, ಆಡಿನ ಹಾಲು, ಹಸುವಿನ ಹಾಲು, ಎಮ್ಮೆಯ ಹಾಲು, ತುಪ್ಪ ಎಂದು ಜಿಡ್ಡಿನ ಮೆಟ್ಟಿಲುಗಳನ್ನೇ ಕೊಡುತ್ತಾರೆ. ಕೂಡುವಿಕೆಗೆ ಕಾರಣ ವಸ್ತುವಿನ ಒಳಗೇ ಇದೆ ಎಂಬ ಈ ಯೋಚನೆ ವೈಶೇಷಿಕರಲ್ಲಿ ಬಡವಾಗಿತ್ತು. ಸೂಜಿಗಲ್ಲಿನತ್ತ ಸೂಜಿ ಸರಿಯುವುದು, ಉರಿ ಮೇಲಕ್ಕೇಳುವುದು, ಪರಮಾಣುವಿನ ಮೊದಲ ಚಲನೆ, ಎಲ್ಲಕ್ಕೂ ಸೂತ್ರಕಾರ ಕೊಟ್ಟದ್ದು ಒಂದೇ ಹೆಸರು: ಅದೃಷ್ಟ, ಕಾಣದ್ದು. ಕಲ್ಲು ಬೀಳುವುದಕ್ಕೆ ಗುರುತ್ವ ಎಂದು ಚೊಕ್ಕವಾಗಿ ಹೇಳಿದವನೇ ಇಲ್ಲಿ ಕೈಚೆಲ್ಲಿದ.

ಶಂಕರಾಚಾರ್ಯರು ಹಿಡಿದದ್ದು ಈ ದುರ್ಬಲ ಜಾಗವನ್ನೇ: ಜಡ ಪರಮಾಣುವಿಗೆ ಮೊದಲ ತಳ್ಳು ಕೊಟ್ಟದ್ದು ಯಾರು? ಬೌದ್ಧ ದಾರ್ಶನಿಕ ವಸುಬಂಧು ಅದಕ್ಕೂ ಮೊದಲೇ ಇನ್ನೊಂದು ಬಿರುಕು ತೋರಿಸಿದ್ದ: ಆರು ದಿಕ್ಕಿನಿಂದ ಆರು ಪರಮಾಣು ಬಂದು ಒಂದಕ್ಕೆ ಅಂಟಿದರೆ ಅದಕ್ಕೆ ಆರು ಮೈಯಾಯಿತು, ಭಾಗವಿಲ್ಲದ್ದು ಎನ್ನುವುದು ಹೇಗೆ? ಎರಡೂ ಒಳ್ಳೆಯ ಪ್ರಶ್ನೆಗಳು. ಆಚಾರ್ಯರ ಇನ್ನೊಂದು ಆಕ್ಷೇಪ, ಶಿಷ್ಟರು ಈ ಮತವನ್ನು ಒಪ್ಪಿಲ್ಲ ಎಂಬುದು, ನನಗೆ ವಾದವಾಗಿ ಕಾಣುವುದಿಲ್ಲ. ‘ಹಿಂದೂ ರಸಾಯನಶಾಸ್ತ್ರದ ಇತಿಹಾಸ’ ಬರೆದ ಪ್ರಫುಲ್ಲಚಂದ್ರ ರೇ ಇದನ್ನು ಕಂಡೇ ಬೇಸರಗೊಂಡಿದ್ದರು. ಕೈಕೆಲಸದವರನ್ನೂ ಓದುವವರನ್ನೂ ಬೇರೆಬೇರೆ ಕೂರಿಸಿದ ಜಾತಿಪದ್ಧತಿಯನ್ನು ಇನ್ನೂ ಹೆಚ್ಚು ದೂರಿದರು. ನನಗೆ ಅವರ ಎರಡನೆಯ ದೂರೇ ಹೆಚ್ಚು ಸರಿಯೆನ್ನಿಸುತ್ತದೆ, ಮಡಕೆಯ ವಾದ ಓದಿದ ಮೇಲಂತೂ.

ಜೇಡಿಮಣ್ಣು ಬೇಯುವಾಗ ಅದರ ಹರಳಿನೊಳಗೆ ಸಿಕ್ಕಿಕೊಂಡಿದ್ದ ನೀರು ಹೊರಹೋಗುತ್ತದೆ, ಒಳಗಿನ ಜೋಡಣೆ ಕುಸಿದು ಬೇರೆಯಾಗುತ್ತದೆ, ಕಬ್ಬಿಣದ ಅಂಶ ಕೆಂಪಾಗುತ್ತದೆ. ಮಡಕೆಯ ಆಕಾರ ಮಾತ್ರ ಹಾಗೇ ನಿಲ್ಲುತ್ತದೆ. ವೈಶೇಷಿಕರೂ ನೈಯಾಯಿಕರೂ ಇದರಲ್ಲಿ ಅರ್ಧರ್ಧ ಹಂಚಿಕೊಳ್ಳಬಹುದು. ಬೆಂದ ಮಡಕೆ ಒಣಗಿದ ಮಡಕೆಗಿಂತ ಹಗುರ. ವೈಶೇಷಿಕ ಭಾಷ್ಯಕಾರ ಪ್ರಶಸ್ತಪಾದ ಎಣಿಸಿದ ಇಪ್ಪತ್ತನಾಲ್ಕು ಗುಣಗಳಲ್ಲಿ ಗುರುತ್ವವೂ ಒಂದು. ತಕ್ಕಡಿ ಪ್ರತಿಯೊಬ್ಬ ಅಕ್ಕಸಾಲಿಗನ ಮನೆಯಲ್ಲೂ ಇತ್ತು. ಆವಿಗೆಗೆ ಇಡುವ ಮುನ್ನ ಒಮ್ಮೆ, ತೆಗೆದ ಮೇಲೆ ಒಮ್ಮೆ ಮಡಕೆಯನ್ನು ತೂಗಿದ ಮಾತು, ಕ್ಷಣಗಳನ್ನು ಅಷ್ಟು ನಿಷ್ಠೆಯಿಂದ ಎಣಿಸಿದ ಪುಟಗಳಲ್ಲಿ ನನಗೆ ಎಲ್ಲೂ ಸಿಗಲಿಲ್ಲ.