ಎತ್ತರದ ಪೀಠ, ಹಿಡಿದ ಕೈ: ನಮ್ಮ ನಾಡಿಗೆ ಬಂದ ಬ್ರಿಟಿಷ್ ಶಿಲ್ಪದ ಒಂದು ದೈವಶಾಸ್ತ್ರೀಯ ವಿಮರ್ಶೆ

ಪ್ರತಿಮೆಗಳನ್ನು ಕುರಿತ ಪಾಠವನ್ನು ಗುರುಮಠಗಳಲ್ಲಿ ನಾವು ವಾಡಿಕೆಯಂತೆ 787ರ ಎರಡನೇ ನೈಸಿಯಾ ಮಹಾಸಭೆಯಿಂದ ಆರಂಭಿಸುತ್ತೇವೆ. ಪ್ರತಿಮೆಗೆ ಸಲ್ಲಿಸಿದ ಗೌರವ ಅದು ಯಾರನ್ನು ತೋರುತ್ತದೆಯೋ ಅವರಿಗೆ ಸಲ್ಲುತ್ತದೆ, ಆರಾಧನೆಯಾದರೋ ದೇವರೊಬ್ಬರಿಗೇ ಮೀಸಲು ಎಂಬ ಬೋಧನೆಯನ್ನು ವಿವರಿಸುತ್ತೇವೆ. 1563ರಲ್ಲಿ ಟ್ರೆಂಟ್ ಮಹಾಸಭೆ ಅದನ್ನು ದೃಢಪಡಿಸಿದ್ದನ್ನು ಹೇಳಿ, ವ್ಯಾಟಿಕನ್ ಎರಡನೇ ಮಹಾಸಭೆಯ ದೈವಾರಾಧನಾ ಸಂವಿಧಾನಕ್ಕೆ ಬಂದು ಪಾಠ ಮುಗಿಸುತ್ತೇವೆ. ಈ ಬೋಧನೆಯಲ್ಲಿ ಕೊರತೆಯಿಲ್ಲ. ಕೊರತೆಯಿರುವುದು ಅಭ್ಯಾಸದಲ್ಲಿ. ಒಂದು ಪ್ರತಿಮೆಯ ಎದುರು ನಿಂತು, ಅದು ನೋಡುವವನನ್ನು ಎಲ್ಲಿ ನಿಲ್ಲಿಸುತ್ತದೆ, ಅವನಿಂದ ಏನನ್ನು ಬೇಡುತ್ತದೆ ಎಂದು ಓದುವುದನ್ನು ನಾವು ಕಲಿಸುತ್ತಿಲ್ಲ. ಆ ಓದನ್ನು ನಮ್ಮ ದೇವಾಲಯಗಳ ಹೊರಗಿನಿಂದ, ನಮ್ಮ ನಗರದಲ್ಲೇ ಇರುವ ಬ್ರಿಟಿಷ್ ಶಿಲ್ಪಗಳಿಂದ ಆರಂಭಿಸಬಹುದೆಂಬುದು ನಮ್ಮ ಎಣಿಕೆ.

ಬೆಂಗಳೂರಿನ ಕಬ್ಬನ್ ಉದ್ಯಾನದಲ್ಲಿ ಅಂಥ ಮೂರು ಶಿಲ್ಪಗಳಿವೆ. ಮೊದಲನೆಯದು 1834ರಿಂದ 1861ರವರೆಗೆ ಮೈಸೂರಿನ ಕಮಿಷನರ್ ಆಗಿದ್ದ ಸರ್ ಮಾರ್ಕ್ ಕಬ್ಬನ್ನರ ಕಂಚಿನ ಅಶ್ವಾರೂಢ ಪ್ರತಿಮೆ. ಇದನ್ನು ರೂಪಿಸಿದ ಕಾರ್ಲೊ ಮಾರೊಕೆಟ್ಟಿ ಟ್ಯೂರಿನ್‌ನಲ್ಲಿ ಹುಟ್ಟಿ, 1848ರ ನಂತರ ಲಂಡನ್ನಿನಲ್ಲಿ ನೆಲೆಸಿದವರು. ಅಲ್ಲಿನ ಸಂಸತ್ ಭವನದ ಹೊರಗೆ ಖಡ್ಗವೆತ್ತಿ ನಿಂತ ಸಿಂಹಹೃದಯದ ರಿಚರ್ಡ್ ದೊರೆಯ ಪ್ರತಿಮೆಯೂ ಅವರದೇ. 1866ರಲ್ಲಿ ಅನಾವರಣಗೊಂಡ ಕಬ್ಬನ್ ಪ್ರತಿಮೆ ಬಹುಕಾಲ ಅಠಾರ ಕಚೇರಿಯ, ಎಂದರೆ ಉಚ್ಚ ನ್ಯಾಯಾಲಯದ, ಮುಂದೆ ನಿಂತಿತ್ತು. 2020ರಲ್ಲಿ ಅದನ್ನು ಉದ್ಯಾನದ ಒಳಭಾಗಕ್ಕೆ ಸ್ಥಳಾಂತರಿಸಲಾಯಿತು. ಎರಡನೆಯದು ಸರ್ ಥಾಮಸ್ ಬ್ರಾಕ್ ಕೆತ್ತಿದ ವಿಕ್ಟೋರಿಯಾ ರಾಣಿಯ ಅಮೃತಶಿಲೆಯ ಪ್ರತಿಮೆ. 1906ರ ಫೆಬ್ರವರಿಯಲ್ಲಿ, ಮುಂದೆ ಐದನೇ ಜಾರ್ಜ್ ಎನಿಸಿದ ವೇಲ್ಸ್ ರಾಜಕುಮಾರರು ಇದನ್ನು ಅನಾವರಣ ಮಾಡಿದರು. ಮೂರನೆಯದು ಲೆನರ್ಡ್ ಜೆನಿಂಗ್ಸ್ ಕಡೆದ ಏಳನೇ ಎಡ್ವರ್ಡ್ ದೊರೆಯ ಪ್ರತಿಮೆ, 1919ರಲ್ಲಿ ಸ್ಥಾಪಿತವಾದದ್ದು.

ಕಲೆಯೆಂದು ನೋಡಿದರೆ ಇವನ್ನು ಹಗುರವಾಗಿ ತಳ್ಳಿಹಾಕಲಾಗದು. ಕುದುರೆ ಸವಾರನ ಪ್ರತಿಮೆ ಶಿಲ್ಪಿಗೆ ಕಠಿಣ ಪರೀಕ್ಷೆ. ಪ್ರಾಣಿಯ ಭಾರವನ್ನೆಲ್ಲ ತೆಳುವಾದ ಕಾಲುಗಳು ಹೊರಬೇಕು, ಚಲನೆ ನಿಂತಂತೆಯೂ ಇರಬೇಕು, ನಿಲ್ಲದಂತೆಯೂ ಇರಬೇಕು. ಮಾರೊಕೆಟ್ಟಿ ಅದನ್ನು ನಿರಾಯಾಸವಾಗಿ ಸಾಧಿಸಿದ್ದಾರೆ. ಬ್ರಾಕ್ ಅವರ ಅಮೃತಶಿಲೆಯಲ್ಲಿ ನಿಲುವಂಗಿಯ ಮಡಿಕೆಗಳು ನೆಲದತ್ತ ಇಳಿಯುವ ಭಾರ ಕಣ್ಣಿಗೆ ನಿಜವೆನಿಸುತ್ತದೆ. ಮುಪ್ಪಿನ ಮುಖದಲ್ಲಿ ದಣಿವಿದೆ, ಅದನ್ನು ಶಿಲ್ಪಿ ಮರೆಮಾಚಿಲ್ಲ. ಆದರೆ ಅದೇ ಪ್ರತಿಮೆಯ ಒಂದು ಕೈಯಲ್ಲಿ ರಾಜದಂಡ, ಇನ್ನೊಂದರಲ್ಲಿ ಗೋಳ. ಶಿಲುಬೆಯನ್ನು ಹೊತ್ತ ಗೋಳ ಯೂರೋಪಿನ ರಾಜತ್ವದ ಹಳೆಯ ಚಿಹ್ನೆ. ಲೋಕ ಕ್ರಿಸ್ತರಿಗೆ ಸೇರಿದ್ದು, ದೊರೆ ಅವರ ಪರವಾಗಿ ಅದನ್ನು ಹಿಡಿದಿರುವವನು ಮಾತ್ರ ಎಂಬುದು ಅದರ ಮೂಲ ಅರ್ಥ. ಹದಿಮೂರು ಅಡಿ ಎತ್ತರದ ಪೀಠದ ಮೇಲೆ ಹನ್ನೊಂದು ಅಡಿಯ ರಾಣಿ ಆ ಗೋಳವನ್ನು ಹಿಡಿದಾಗ ಅರ್ಥ ತಿರುವುಮುರುವಾಗುತ್ತದೆ. ಕೆಳಗೆ ನಿಂತವನಿಗೆ ಕಾಣುವುದು ಲೋಕವನ್ನು ಹಿಡಿದ ಕೈಯೇ ಹೊರತು ಲೋಕದ ಒಡೆಯರಲ್ಲ.

ಇನ್ನೊಂದು ಸಂಗತಿ ಗಮನಾರ್ಹ. ಬ್ರಾಕ್ ತಮ್ಮ ಹುಟ್ಟೂರಾದ ವೂಸ್ಟರ್‌ಗೆ 1890ರಲ್ಲಿ ಮಾಡಿಕೊಟ್ಟ ವಿಕ್ಟೋರಿಯಾಳ ಮಾದರಿಯನ್ನೇ ಬೆಂಗಳೂರಿನ ಪ್ರತಿಮೆ ಅನುಸರಿಸಿದೆ. ಆ ಮಾದರಿ ಬೇರೆ ನಗರಗಳಲ್ಲೂ ಮರುಕಳಿಸಿತು. ನಿಲ್ಲುವ ನೆಲ ಯಾವುದು, ನೋಡುವ ಜನ ಯಾರು, ಅವರ ಭಾಷೆ ಯಾವುದು ಎಂಬ ಪ್ರಶ್ನೆ ಅಂಥ ಪ್ರತಿಮೆಗೆ ಎದುರಾಗುವುದೇ ಇಲ್ಲ. ಎಲ್ಲೆಡೆಯೂ ಒಂದೇ ಮುಖ ಕಾಣಬೇಕೆಂಬುದೇ ಅದರ ಉದ್ದೇಶ. ನಾಣ್ಯದ ಮೇಲಿನ ಮುದ್ರೆಗೂ ಇದಕ್ಕೂ ಹೆಚ್ಚು ಅಂತರವಿಲ್ಲ. ಈ ಮುದ್ರೆ ಯಾರದು ಎಂದು ಪ್ರಭು ಯೇಸು ಕೇಳಿದ ಪ್ರಶ್ನೆಯನ್ನು ಮತ್ತಾಯನ ಶುಭಸಂದೇಶದ ಇಪ್ಪತ್ತೆರಡನೇ ಅಧ್ಯಾಯದಲ್ಲಿ ಓದುವಾಗ ಈ ಪ್ರತಿಮೆಗಳನ್ನೂ ನೆನೆಯಬಹುದು.

ಕ್ರೈಸ್ತ ಸಂಪ್ರದಾಯದ ಒಂದು ನಾಡಿನ ಉಳಿ ಹೀಗೆ ಅರಸರತ್ತ ತಿರುಗಿದ್ದು ಏಕೆ? ಇದಕ್ಕೆ ಉತ್ತರ ಇಂಗ್ಲೆಂಡಿನ ಧರ್ಮಸಭೆಯ ಚರಿತ್ರೆಯಲ್ಲಿದೆ. ಮಧ್ಯಯುಗದ ಇಂಗ್ಲೆಂಡ್ ಶಿಲ್ಪಸಮೃದ್ಧ ನಾಡು. ವೆಲ್ಸ್ ಪ್ರಧಾನಾಲಯದ ಪಶ್ಚಿಮ ಮುಖದಲ್ಲಿ ಹದಿಮೂರನೇ ಶತಮಾನದ ಸುಮಾರು 300 ಶಿಲ್ಪಗಳು ಇಂದಿಗೂ ಉಳಿದಿವೆ. ನಾಟಿಂಗ್‌ಹ್ಯಾಮ್ ಸುತ್ತಲಿನ ಕುಶಲಕರ್ಮಿಗಳು ಅಲಬಾಸ್ಟರ್ ಎಂಬ ಮೃದುಶಿಲೆಯಲ್ಲಿ ಕೆತ್ತಿದ ಬಲಿಪೀಠದ ಫಲಕಗಳು ಯೂರೋಪಿನ ದೇವಾಲಯಗಳಿಗೆಲ್ಲ ಹೋಗುತ್ತಿದ್ದವು. 1538ರ ರಾಜಾಜ್ಞೆಯಿಂದ ಮೊದಲ್ಗೊಂಡು ಪ್ರತಿಮಾಭಂಜನೆಯ ಅಲೆಗಳು ಒಂದರ ಮೇಲೊಂದು ಬಂದವು. ಆರನೇ ಎಡ್ವರ್ಡನ ಕಾಲದಲ್ಲಿ, 1549-50ರ ಸಂಸತ್ ಅಧಿವೇಶನದಲ್ಲಿ ಬಂದ ಶಾಸನ ದೇವಾಲಯಗಳಲ್ಲಿ ಉಳಿದಿದ್ದ ಸಂತರ ಪ್ರತಿಮೆಗಳನ್ನು ನಾಶಮಾಡಲು ಆದೇಶಿಸಿತು. ಅದೇ ಶಾಸನದಲ್ಲಿ ಒಂದು ವಿನಾಯಿತಿಯಿತ್ತು: ಅರಸ, ರಾಜಕುಮಾರ, ಶ್ರೀಮಂತ ಇಲ್ಲವೆ ಸಂತನೆಂದು ಜನರಿಂದ ಗೌರವಿಸಲ್ಪಡದ ಬೇರಾವ ಮೃತನ ಸಮಾಧಿಯ ಮೇಲಿನ ಪ್ರತಿಮೆಗೂ ಆ ಆದೇಶ ಅನ್ವಯಿಸದು.

ಈ ವಿನಾಯಿತಿಯೇ ನಮ್ಮ ವಿಚಾರದ ಕೀಲಿ. ಸಂತನ ಕಲ್ಲು ಒಡೆಯಬೇಕು, ಸಾಹುಕಾರನ ಕಲ್ಲು ಉಳಿಯಬಹುದು. ವಿಗ್ರಹಾರಾಧನೆಯ ಭಯದಿಂದ ಹೊರಟ ಸುಧಾರಣೆ ಗೂಡುಗಳನ್ನು ಬರಿದುಮಾಡಿತು. ಆದರೆ ಗೂಡುಗಳು ಬಹುಕಾಲ ಬರಿದಾಗಿ ಇರುವುದಿಲ್ಲ. ಉಳಿ ಹಿಡಿದ ಕೈಗಳಿಗೆ ಉಳಿದದ್ದು ಸಮಾಧಿ ಮತ್ತು ಭಾವಚಿತ್ರ. ಹದಿನೆಂಟನೇ ಶತಮಾನದ ಕೊನೆಯ ಹೊತ್ತಿಗೆ ಲಂಡನ್ನಿನ ಸಂತ ಪೌಲರ ಪ್ರಧಾನಾಲಯದ ಒಳಗೇ ಸೇನಾನಿಗಳ ಸ್ಮಾರಕಗಳು ಏಳತೊಡಗಿದವು. ಅಲ್ಲಿಂದ ಹಡಗೇರಿ ಭಾರತದ ತೀರಕ್ಕೆ ಬಂದದ್ದು ಇದೇ ಪರಂಪರೆ. ಕಬ್ಬನ್ ಉದ್ಯಾನದ ಪೀಠಗಳ ಅಡಿಗಲ್ಲು ಆ ಶಾಸನದಲ್ಲಿದೆ ಎಂದರೆ ಅತಿಶಯೋಕ್ತಿಯಾಗದು.

ಆದರೆ ಅದೇ ಪರಂಪರೆಯೊಳಗೆ ಬೇರೊಂದು ದನಿಯೂ ಇದೆ. ಅದನ್ನು ಕೇಳಲು ಶ್ರೀರಂಗಪಟ್ಟಣದ ನಂಟಿರುವ ಎರಡು ಶಿಲ್ಪಗಳನ್ನು ಪಕ್ಕಪಕ್ಕದಲ್ಲಿಟ್ಟು ನೋಡಬೇಕು. ಒಂದು, ಈಗ ಚೆನ್ನೈನ ಸಂತ ಜಾರ್ಜ್ ಕೋಟೆಯ ವಸ್ತುಸಂಗ್ರಹಾಲಯದಲ್ಲಿರುವ ಲಾರ್ಡ್ ಕಾರ್ನ್‌ವಾಲಿಸರ ಪ್ರತಿಮೆ. ಥಾಮಸ್ ಬ್ಯಾಂಕ್ಸ್ ಅವರ ಕೃತಿ. ಅದರ ಪೀಠದ ಉಬ್ಬುಶಿಲ್ಪದಲ್ಲಿ 1792ರ ಶ್ರೀರಂಗಪಟ್ಟಣ ಒಪ್ಪಂದದ ದೃಶ್ಯವಿದೆ: ಟಿಪ್ಪು ಸುಲ್ತಾನನ ಇಬ್ಬರು ಎಳೆಯ ಮಕ್ಕಳನ್ನು ಒತ್ತೆಯಾಗಿ ಒಪ್ಪಿಸುತ್ತಿರುವುದು. ಮೇಲೆ ವಿಜಯಿಯ ಪೂರ್ಣಮೂರ್ತಿ, ಕೆಳಗೆ ಅವನ ಕಾಲಡಿಯ ಕಲ್ಲಿನಲ್ಲಿ ಮಕ್ಕಳು. ಈ ಶಿಲ್ಪದ ವ್ಯಾಕರಣ ಇಷ್ಟೇ.

ಇನ್ನೊಂದು ತಂಜಾವೂರಿನ ಶಿವಗಂಗಾ ಕೋಟೆಯ ದೇವಾಲಯದಲ್ಲಿದೆ. ಇದು ಜಾನ್ ಫ್ಲಾಕ್ಸ್‌ಮನ್ ಕೆತ್ತಿದ, ಲೂಥರನ್ ಮಿಷನರಿ ಕ್ರಿಸ್ಟಿಯನ್ ಫ್ರೆಡ್ರಿಕ್ ಶ್ವಾರ್ಟ್ಸ್ ಅವರ ಸ್ಮಾರಕ. ಶ್ವಾರ್ಟ್ಸ್ 1750ರಲ್ಲಿ ತರಂಗಂಬಾಡಿಗೆ ಬಂದಿಳಿದವರು, 1798ರಲ್ಲಿ ತಂಜಾವೂರಿನಲ್ಲಿ ತೀರಿಕೊಂಡವರು. 1779ರಲ್ಲಿ ಮದ್ರಾಸಿನ ಗವರ್ನರ್ ಥಾಮಸ್ ರಂಬೋಲ್ಡ್ ಅವರ ಕೋರಿಕೆಯ ಮೇರೆಗೆ ಹೈದರಾಲಿಯನ್ನು ಕಾಣಲು ಶ್ರೀರಂಗಪಟ್ಟಣಕ್ಕೆ ಬಂದಿದ್ದರು. ಹೈದರ್ ಪ್ರಯಾಣವೆಚ್ಚಕ್ಕೆಂದು ಕೊಟ್ಟ 300 ರೂಪಾಯಿಯನ್ನು ಅವರು ತಮಗಾಗಿ ಇಟ್ಟುಕೊಳ್ಳದೆ ತಂಜಾವೂರಿನ ಧರ್ಮಶಾಲೆಗೆ ವಿನಿಯೋಗಿಸಿದರು. ತಂಜಾವೂರಿನ ರಾಜ ತುಳಜಾಜಿ 1787ರಲ್ಲಿ, ತನ್ನ ಅಂತ್ಯಕಾಲದಲ್ಲಿ, ದತ್ತುಪುತ್ರ ಸರ್ಫೋಜಿಯನ್ನು ಒಪ್ಪಿಸಿದ್ದು ಇವರಿಗೇ. ಆ ಸರ್ಫೋಜಿ ರಾಜನಾದ ಮೇಲೆ, ಹಿಂದೂವಾಗಿಯೇ ಉಳಿದು, ತನ್ನ ಗುರುವಿನ ನೆನಪಿಗಾಗಿ ಫ್ಲಾಕ್ಸ್‌ಮನ್ ಅವರಿಂದ ಈ ಶಿಲ್ಪವನ್ನು ಮಾಡಿಸಿದ.

ಇಲ್ಲಿ ಪೀಠವಿಲ್ಲ, ಹಾಸಿಗೆಯಿದೆ. ಮುದುಕನಾದ ಮಿಷನರಿ ಕೊನೆಯುಸಿರೆಳೆಯುತ್ತಿದ್ದಾನೆ. ತಲೆಯ ಬಳಿ ಸಹೋದ್ಯೋಗಿ ಗೆರಿಕೆ ನಿಂತಿದ್ದಾರೆ. ಹಾಸಿಗೆಯ ಪಕ್ಕದಲ್ಲಿ ಸರ್ಫೋಜಿ ಗುರುವಿನ ಕೈ ಹಿಡಿದಿದ್ದಾನೆ, ಹಿಂದೆ ಅವನ ಸೇವಕರಿದ್ದಾರೆ, ಕಾಲಬಳಿ ಶಾಲೆಯ ಮೂವರು ಮಕ್ಕಳು. ಫ್ಲಾಕ್ಸ್‌ಮನ್ ಗ್ರೀಕ್ ಶಿಲ್ಪವನ್ನು ಆಳವಾಗಿ ಅಭ್ಯಸಿಸಿದವರು. ರೇಖೆಯ ಮಿತವ್ಯಯ ಅವರ ಶಕ್ತಿ. ಆ ಮಿತವ್ಯಯ ಇಲ್ಲಿ ನಮ್ಮ ನೋಟವನ್ನೆಲ್ಲ ಕೂಡಿದ ಎರಡು ಕೈಗಳ ಕಡೆಗೆ ತರುತ್ತದೆ. ಬ್ಯಾಂಕ್ಸ್ ಅವರ ಶಿಲ್ಪದಲ್ಲಿ ಮಕ್ಕಳು ಒತ್ತೆಯಾಳುಗಳು. ಇಲ್ಲಿ ಶೋಕಿಸುವ ಮನೆಮಂದಿ. ಅಲ್ಲಿ ರಾಜವಂಶ ಸೋತು ತಲೆಬಾಗುತ್ತದೆ. ಇಲ್ಲಿ ರಾಜ ಪ್ರೀತಿಯಿಂದ ಬಾಗುತ್ತಾನೆ.

ಅದೇ ಶ್ವಾರ್ಟ್ಸ್‌ಗೆ ಈಸ್ಟ್ ಇಂಡಿಯಾ ಕಂಪನಿಯೂ ಮದ್ರಾಸಿನ ಸಂತ ಮರಿಯಳ ದೇವಾಲಯದಲ್ಲಿ ಒಂದು ಸ್ಮಾರಕ ಮಾಡಿಸಿತು. ಕಿರಿಯ ಜಾನ್ ಬೇಕನ್ ಅದರ ಶಿಲ್ಪಿ. ಅಲ್ಲಿಯೂ ಮರಣಶಯ್ಯೆಯಿದೆ, ಮಕ್ಕಳಿದ್ದಾರೆ; ಆದರೆ ಮೇಲಿನಿಂದ ಒಬ್ಬ ದೂತ ಶಿಲುಬೆ ಹಿಡಿದು ಇಳಿಯುತ್ತಿದ್ದಾನೆ, ಮರಣೋನ್ಮುಖನ ಗಮನ ಅವನ ಕಡೆಗಿದೆ. ಶ್ರದ್ಧೆಯ ಚಿತ್ರವೇ ಹೌದು. ಆದರೂ ಕ್ರೈಸ್ತ ಚಿಹ್ನೆಗಳನ್ನು ಹೇರಳವಾಗಿ ಬಳಸಿದ ಕಂಪನಿಯ ಸ್ಮಾರಕಕ್ಕಿಂತ, ಅಕ್ರೈಸ್ತ ರಾಜನೊಬ್ಬ ಮಾಡಿಸಿದ ಸ್ಮಾರಕವೇ ಶುಭಸಂದೇಶಕ್ಕೆ ಹತ್ತಿರವಾಗಿ ನಮಗೆ ಕಾಣುತ್ತದೆ. ಮನುಷ್ಯಾವತಾರದ ರಹಸ್ಯಕ್ಕೆ ಚಿಹ್ನೆಗಿಂತ ಸ್ಪರ್ಶ ಹತ್ತಿರ. ಫ್ಲಾಕ್ಸ್‌ಮನ್ ಅವರ ದೃಶ್ಯ ಪೂರ್ಣ ನಿರ್ಮಲ ಎಂದು ನಾವು ವಾದಿಸುತ್ತಿಲ್ಲ. ಯೂರೋಪಿನವನೇ ಅಲ್ಲಿಯೂ ನಡುವೆ ಇದ್ದಾನೆ. ಆದರೆ ಅವನು ನಡುವೆ ಇರುವುದು ಬಲಹೀನನಾಗಿ, ಇನ್ನೊಬ್ಬರ ಕೈ ಬೇಕಾದವನಾಗಿ.

ಕನ್ನಡದ ಕಣ್ಣಿಗೆ ಈ ಬಗೆಯ ಕಲ್ಲು ಅಪರಿಚಿತವಲ್ಲ. ಬೆಂಗಳೂರಿನ ಹೆಸರನ್ನು ಮೊದಲು ದಾಖಲಿಸಿದ ಬೇಗೂರಿನ ವೀರಗಲ್ಲು ಒಂಬತ್ತನೇ ಶತಮಾನದ ಕೊನೆಯದು. ವೀರಗಲ್ಲುಗಳ ಸಾಮಾನ್ಯ ಕ್ರಮದಲ್ಲಿ ಕೆಳಗೆ ಕಾಳಗ, ನಡುವೆ ಸತ್ತವನನ್ನು ಒಯ್ಯುವ ಅಪ್ಸರೆಯರು, ಮೇಲೆ ದೇವರ ಸನ್ನಿಧಿ. ಊರಿನ ದನಗಳಿಗಾಗಿ ಮಡಿದವನಿಗೂ ಅಂಥ ಕಲ್ಲು ನಿಲ್ಲುತ್ತಿತ್ತು, ಅದೂ ನೆಲಮಟ್ಟದಲ್ಲಿ, ನಡೆದುಹೋಗುವವರ ಕಣ್ಣೆತ್ತರದಲ್ಲಿ. ಕೊಂದ ಬಲಕ್ಕಿಂತ ಕೊಟ್ಟ ಪ್ರಾಣ ಅಲ್ಲಿ ದೊಡ್ಡದು. ಹುತಾತ್ಮರ ಸ್ಮರಣೆಯನ್ನು ಈ ನೆಲದಲ್ಲಿ ಕಲಿಸುವವರಿಗೆ ಇದಕ್ಕಿಂತ ಸಿದ್ಧವಾದ ರೂಪಕ ಬೇರೆ ಬೇಕಿಲ್ಲ.

ಬ್ರಿಟನ್ನಿನ ಬರಿದಾದ ಗೂಡಿಗೆ ಸಂತರು ಮರಳಿದ್ದೂ ಉಂಟು. 1943-44ರಲ್ಲಿ ನಾರ್ತಾಂಪ್ಟನ್ನಿನ ಸಂತ ಮತ್ತಾಯರ ದೇವಾಲಯದ ಆಂಗ್ಲಿಕನ್ ಧರ್ಮಗುರು ವಾಲ್ಟರ್ ಹಸ್ಸಿ, ಯುದ್ಧದ ನಡುವೆಯೇ, ಹೆನ್ರಿ ಮೂರ್ ಅವರಿಂದ ಮಾತೆ ಮರಿಯ ಮತ್ತು ಬಾಲಯೇಸುವಿನ ಶಿಲ್ಪ ಮಾಡಿಸಿದರು. ಯಾವುದೇ ತಾಯಿಮಗುವಿಗೂ ದೇವಮಾತೆಗೂ ಶಿಲ್ಪದಲ್ಲಿ ಭೇದವೇನು ಎಂದು ಯೋಚಿಸಿ, ಮೂರ್ ಮೊದಲು ಜೇಡಿಮಣ್ಣಿನಲ್ಲಿ ಹಲವು ಚಿಕ್ಕ ಮಾದರಿಗಳನ್ನು ಮಾಡಿ ನೋಡಿದರು. ಅವುಗಳಲ್ಲೊಂದನ್ನು ಆರಿಸಿಕೊಂಡ ಮೇಲೆ ಕಲ್ಲಿಗೆ ಉಳಿ ಹಚ್ಚಿದರು. ಬಂದ ಹೊಸದರಲ್ಲಿ ಶಿಲ್ಪಕ್ಕೆ ಆಕ್ಷೇಪಗಳಿದ್ದವು. ಇಂದು ಅದು ಇಪ್ಪತ್ತನೇ ಶತಮಾನದ ಕ್ರೈಸ್ತ ಶಿಲ್ಪದ ಮುಖ್ಯ ಕೃತಿಗಳಲ್ಲೊಂದು. ಇದು ಸಾಧ್ಯವಾದದ್ದು ಒಂದು ಧರ್ಮಕೇಂದ್ರದ ಗುರು ಶಿಲ್ಪಿಯೊಡನೆ ಮಾತಿಗೆ ಕುಳಿತದ್ದರಿಂದ.

ನಮ್ಮ ಕಡೆ ಆ ಮಾತುಕತೆ ಅಪರೂಪ. ಮಹದೇವಪುರ, ಕೃಷ್ಣರಾಜಪುರ, ವೈಟ್‌ಫೀಲ್ಡ್ ಸುತ್ತಿನಲ್ಲಿ ಕಂಪನಿಗಳ ಜೊತೆಗೆ ಜನ ಬಂದು, ಧರ್ಮಕೇಂದ್ರಗಳ ಮಂದಿ ಹೆಚ್ಚುತ್ತಿದ್ದಾರೆ. ದೇವಾಲಯಗಳು ಹಿಗ್ಗುತ್ತಿವೆ, ಹೊಸವೂ ಏಳುತ್ತಿವೆ. ಸಂತರ ಸ್ವರೂಪಗಳನ್ನು ನಾವು ಅಂಗಡಿಯ ಪಟ್ಟಿಯಲ್ಲಿ ನೋಡಿ, ಅಡಿಲೆಕ್ಕದಲ್ಲಿ ತರಿಸುತ್ತೇವೆ. ನೆರೆಯ ಧರ್ಮಕೇಂದ್ರದಲ್ಲಿರುವುದಕ್ಕಿಂತ ಒಂದಡಿ ಎತ್ತರವಿದ್ದರೆ ಸಂತೋಷ. ಪೀಠದ ಗ್ರಾನೈಟಿನ ಮೇಲೆ ಸಂತರ ಹೆಸರಿಗಿಂತ ದಾನಿಯ ಹೆಸರು ದಪ್ಪಕ್ಷರದಲ್ಲಿರುತ್ತದೆ. ಯಾವ ನೆಲಕ್ಕೂ ಸೇರದ ಅಚ್ಚಿನ ಮುಖ, ಎತ್ತರದ ಪೀಠ, ಪೀಠದ ಮೇಲೆ ಹಣದ ಹೆಸರು: ಈ ಮೂರೂ ನಮಗೆ ಬಂದದ್ದು ನೈಸಿಯಾದಿಂದಲ್ಲ. ಪ್ರತಿಮೆಗಳನ್ನು ಉಳಿಸಿಕೊಂಡ ನಾವೂ ಆ ಹಳೆಯ ಶಾಸನದ ವಿನಾಯಿತಿಯನ್ನೇ ಬೇರೆ ದಾರಿಯಿಂದ ಒಳಗೆ ಬಿಟ್ಟುಕೊಂಡಿದ್ದೇವೆ. ಬಡವರ ಮೊಂಬತ್ತಿಯನ್ನಾಗಲಿ, ಸ್ವರೂಪದ ಪಾದ ಮುಟ್ಟಿ ಕಣ್ಣಿಗೊತ್ತಿಕೊಳ್ಳುವ ತಾಯಂದಿರ ಭಕ್ತಿಯನ್ನಾಗಲಿ ನಾವು ಟೀಕಿಸುತ್ತಿಲ್ಲ. ಅವರು ಮುಟ್ಟಲು ಬಯಸುತ್ತಾರೆ. ಮುಟ್ಟಲಾಗದ ಎತ್ತರಕ್ಕೆ ಸಂತರನ್ನು ಏರಿಸುವವರು ನಾವು.

ದೈವಾರಾಧನಾ ಸಂವಿಧಾನ ಪವಿತ್ರ ಕಲೆಯಲ್ಲಿ ಕೇಳುವುದು ವೈಭವವನ್ನಲ್ಲ, ಉದಾತ್ತ ಸೌಂದರ್ಯವನ್ನು. ಪ್ರತಿಮೆಗಳ ಸಂಖ್ಯೆ ಮಿತವಾಗಿರಲಿ, ಅವುಗಳ ಕ್ರಮ ಸಮಂಜಸವಾಗಿರಲಿ ಎಂದೂ ಅದು ಬಯಸುತ್ತದೆ. ಈ ಮಾತನ್ನು ಗುರುವಿದ್ಯಾರ್ಥಿಗಳು ಕಂಠಪಾಠ ಮಾಡಿದರೆ ಸಾಲದು. ಅದಕ್ಕೆ ಕಣ್ಣನ್ನು ಪಳಗಿಸಬೇಕು. ಒಂದು ಮಧ್ಯಾಹ್ನ ಕಬ್ಬನ್ ಉದ್ಯಾನದಲ್ಲಿ ವಿಕ್ಟೋರಿಯಾ ಪ್ರತಿಮೆಯ ಕೆಳಗೆ, ಇನ್ನೊಂದು ಮಧ್ಯಾಹ್ನ ಬೇಗೂರಿನ ಕಲ್ಲುಗಳ ಎದುರು ಅವರು ನಿಲ್ಲಲಿ. ತಮ್ಮ ಕತ್ತು ಎಲ್ಲಿ ಮೇಲಕ್ಕೆತ್ತಿತು, ಎಲ್ಲಿ ತಾನಾಗಿ ಬಾಗಿತು ಎಂದು ಬರೆದು ತರಲಿ. ನಾಳೆ ಧರ್ಮಕೇಂದ್ರವೊಂದರ ಹೊಣೆ ಹೊತ್ತು ಸ್ವರೂಪವೊಂದನ್ನು ಮಾಡಿಸುವಾಗ, ಅದರ ಎತ್ತರವೆಷ್ಟು ಎಂದು ಕೇಳುವ ಮೊದಲು, ಅದರ ಕೈ ಜನರಿಗೆ ಎಟುಕುತ್ತದೆಯೇ ಎಂದು ಅವರು ಕೇಳುವಂತಾದರೆ ಪ್ರತಿಮೆಗಳ ಪಾಠ ಸಾರ್ಥಕ.