ಲೈನ್ ಎಳೆ, ಲೈನ್ ಹೊಡೆ

ಗುಂಡ್ಲುಪೇಟೆ ಬಳಿಯ ತೆರಕಣಾಂಬಿ ಸುತ್ತಿನ ಅರಿಶಿನದ ಹೊಲಗಳಲ್ಲಿ ಡ್ರಿಪ್ ಹಾಕುವಾಗ ‘ಸಾಲಿಗೊಂದು ಲೈನ್ ಎಳಿ’ ಎನ್ನುವ ಮಾತು ತಾನಾಗಿ ಬರುತ್ತದೆ. ಸಾಲು ಎಂದರೆ ಗಿಡ ಕೂತ ಸಾಲು. ಲೈನ್ ಎಂದರೆ ಅದರ ಉದ್ದಕ್ಕೂ ಹಾಸುವ ಕರಿ ಪೈಪು. ಇಂಗ್ಲಿಷಿನಲ್ಲಿ ಎರಡನ್ನೂ ಲೈನ್ ಎನ್ನಬಹುದು. ಇಲ್ಲಿನ ರೈತ ಅನ್ನುವುದಿಲ್ಲ. ನೇಗಿಲಿನ ಕಾಲದಿಂದ ಇದ್ದದ್ದಕ್ಕೆ ಸಾಲು, ಅಂಗಡಿಯಿಂದ ಬಂದದ್ದಕ್ಕೆ ಲೈನ್ ಎಂದು ಅವನ ಮಾತು ಪಾಲು ಹಂಚಿಕೊಂಡಿದೆ. ಕನ್ನಡಕ್ಕೆ ಬಂದ ಇಂಗ್ಲಿಷ್ ಪದಗಳನ್ನು ನಾವು ಅಳೆಯುವ ರೀತಿಯಲ್ಲೇ ದೋಷವಿದೆ ಎಂದು ನನಗೆ ಅನ್ನಿಸುವುದು ಇಂಥ ಮಾತುಗಳನ್ನು ಗಮನಿಸಿದಾಗ. ಇಂಗ್ಲಿಷ್ ಕೋಶದಲ್ಲಿರುವ ಅರ್ಥ ಸರಿಯಾದದ್ದು, ಇಲ್ಲಿ ಹುಟ್ಟಿದ ಅರ್ಥ ಬೀದಿಯದು ಎಂದು ಎಣಿಸುತ್ತ ಬಂದಿದ್ದೇವೆ. ಕನ್ನಡದೊಳಗೆ ಬಂದ ಪದಕ್ಕೆ ಕನ್ನಡದ ಬಳಕೆಯೇ ಅಳತೆಗೋಲು. ಆ ಬಳಕೆಯ ಗುಟ್ಟು ಪದಕ್ಕಿಂತ ಹೆಚ್ಚಾಗಿ ಅದರ ಜೊತೆಗೆ ಬರುವ ಕ್ರಿಯಾಪದದಲ್ಲಿದೆ.

ಗುಂಡ್ಲುಪೇಟೆ ಸೀಮೆಯಲ್ಲಿ ಈ ಪುಟ್ಟ ಪದ ಎಷ್ಟು ಕೆಲಸ ಮಾಡುತ್ತದೆ ನೋಡಿ. ಶಾಲೆಯ ಮಕ್ಕಳು ಸ್ಕೇಲಿಟ್ಟು ಪುಸ್ತಕಕ್ಕೆ ಲೈನ್ ಹೊಡೆಯುತ್ತಾರೆ. ಪಂಪ್‌ಸೆಟ್ಟಿಗೆ ಕಂಬದಿಂದ ಲೈನ್ ಎಳೆಸುತ್ತಾರೆ. ಗಾಳಿಮಳೆಗೆ ತಂತಿ ಹರಿದರೆ ‘ಲೈನ್ ಕಟ್ಟಾಗದ’ ಎನ್ನುತ್ತಾರೆ. ಬಂಡೀಪುರದ ಕಾಡಿನ ಹೆದ್ದಾರಿಯಲ್ಲಿ 2009ರಿಂದ ರಾತ್ರಿ 9ರಿಂದ ಬೆಳಗ್ಗೆ 6ರವರೆಗೆ ಸಂಚಾರ ನಿಷೇಧವಿದೆ. ಕೇರಳಕ್ಕೆ ತರಕಾರಿ ಹೊತ್ತ ಲಾರಿ ಹೊತ್ತು ಮೀರಿ ಹೋದರೆ ಮದ್ದೂರು ಚೆಕ್‌ಪೋಸ್ಟಿನಲ್ಲಿ ಲೈನಾಗಿ ನಿಲ್ಲಬೇಕು. ಆ ಲಾರಿಯ ಡ್ರೈವರು ‘ಕೇರಳ ಲೈನಿನವನು’. ಕೂಲಿಗೆಂದು ಕೊಡಗಿನ ಕಾಫಿ ತೋಟಕ್ಕೆ ಹೋದವರ ವಾಸ ಲೈನ್ ಮನೆಯಲ್ಲಿ. ಹಟ ಹಿಡಿದವನು ಕೊನೆಗೆ ಒಪ್ಪಿಕೊಂಡರೆ ‘ಲೈನಿಗೆ ಬಂದ’. ಹುಡುಗ ಹುಡುಗಿಯ ಹಿಂದೆ ಬಿದ್ದರೆ ‘ಲೈನ್ ಹೊಡೀತಾನೆ’. ಓದಿದವರನ್ನು ಕೇಳಿದರೆ ಕೊನೆಯದೊಂದನ್ನು ಬೀದಿಮಾತೆಂದು ಬೇರ್ಪಡಿಸಿ ಉಳಿದವನ್ನು ಬಿಟ್ಟುಬಿಡುತ್ತಾರೆ. ಆದರೆ ಪುಸ್ತಕಕ್ಕೆ ಲೈನ್ ಹೊಡೆಯುವುದರಲ್ಲಿಯೂ ಹುಡುಗಿಗೆ ಲೈನ್ ಹೊಡೆಯುವುದರಲ್ಲಿಯೂ ಪದ ಒಂದೇ, ಕ್ರಿಯಾಪದ ಒಂದೇ, ವಿಭಕ್ತಿಯೂ ಅದೇ ಚತುರ್ಥಿ. ಚತುರ್ಥಿ ಹಚ್ಚಿಕೊಂಡದ್ದು ವಸ್ತುವಾದರೆ ಗೆರೆ, ಮನುಷ್ಯರಾದರೆ ಪ್ರಣಯದ ಪ್ರಯತ್ನ. ಮನುಷ್ಯರನ್ನೂ ವಸ್ತುಗಳನ್ನೂ ಬೇರೆಯಾಗಿ ಕಾಣುವುದು ಕನ್ನಡ ವ್ಯಾಕರಣದ ಹಳೆಯ ಗುಣ. ಹೊರಗಿನಿಂದ ಬಂದ ಪದವನ್ನೂ ಭಾಷೆ ಅದೇ ನಿಯಮದಡಿ ದುಡಿಸಿಕೊಂಡಿದೆ. ಇದನ್ನು ಕೆಟ್ಟ ಇಂಗ್ಲಿಷ್ ಎನ್ನುವುದು ತಪ್ಪು. ಇದು ಕಟ್ಟುನಿಟ್ಟಾದ ಕನ್ನಡ.

ಪ್ರಣಯದ ಆ ಅರ್ಥ ಇಂಗ್ಲಿಷಿನಿಂದ ಇಳಿದು ಬಂದದ್ದೂ ಅಲ್ಲ. ಹಿಂದಿಯವರು ‘ಲೈನ್ ಮಾರ್ನಾ’ ಎನ್ನುತ್ತಾರೆ, ಮಲಯಾಳಿಗಳು ‘ಲೈನಡಿ’ ಎನ್ನುತ್ತಾರೆ. ಮೂರು ಭಾಷೆಯಲ್ಲೂ ಕ್ರಿಯಾಪದ ಹೊಡೆಯುವುದೇ. ತೆರಕಣಾಂಬಿಯಿಂದ ಗುಂಡ್ಲುಪೇಟೆಗೆ ಬಂದರೆ ಅಲ್ಲಿಂದ ಒಂದು ದಾರಿ ಸುಲ್ತಾನ್ ಬತ್ತೇರಿಗೆ, ಇನ್ನೊಂದು ಊಟಿಗೆ. ಸರಕಿನ ಜೊತೆ ಮಾತೂ ಓಡಾಡುವ ಇಂಥ ಗಡಿಯಲ್ಲಿ ಈ ನುಡಿಗಟ್ಟಿನ ಮೇಲೆ ಯಾರದೂ ಒಂಟಿ ಹಕ್ಕು ನಡೆಯುವುದಿಲ್ಲ. ಇನ್ನು ಇಂಗ್ಲಿಷಿನ ‘ಮೂಲ ಅರ್ಥ’ದ ಮಾತು: ಆ ಪದದ ಬೇರು ಲ್ಯಾಟಿನ್ನಿನಲ್ಲಿ ಅಗಸೆ ನಾರಿನ ದಾರಕ್ಕೆ ಹೋಗಿ ಮುಟ್ಟುತ್ತದೆ. ದಾರದಿಂದ ರೈಲು ಹಳಿಯವರೆಗೆ, ಫೋನಿನವರೆಗೆ ಹಿಗ್ಗುವ ಸ್ವಾತಂತ್ರ್ಯ ಇಂಗ್ಲಿಷಿಗಿತ್ತು. ಆ ಸ್ವಾತಂತ್ರ್ಯ ಕನ್ನಡಕ್ಕೆ ಇಲ್ಲವೆನ್ನಲು ಯಾವ ಆಧಾರವೂ ಇಲ್ಲ.

ನಮ್ಮ ನಿಘಂಟುಗಳ ಸಾಧನೆಯನ್ನು ಕಡಿಮೆ ಮಾಡಿ ಹೇಳುವ ಉದ್ದೇಶ ನನ್ನದಲ್ಲ. 1995ರಲ್ಲಿ ಮುಗಿದ ಕನ್ನಡ ಸಾಹಿತ್ಯ ಪರಿಷತ್ತಿನ ಎಂಟು ಸಂಪುಟಗಳ ನಿಘಂಟು ಶಾಸನ, ಕಾವ್ಯ, ಗದ್ಯಗಳಿಂದ ಪ್ರಯೋಗಗಳನ್ನು ಹೆಕ್ಕಿ ಕಟ್ಟಿದ ದೊಡ್ಡ ಕೆಲಸ. ಬರಹವನ್ನು ಸಾಕ್ಷಿಯಾಗಿ ಹಿಡಿದ ಕೋಶಕ್ಕೆ ಲಾರಿಯ ಬಳಿ ನಿಂತು ಆಡಿದ ಮಾತು ಸುಲಭಕ್ಕೆ ಸಿಗದು. ಇಂಗ್ಲಿಷ್–ಕನ್ನಡ ಕೋಶಗಳ ತೊಡಕು ಇನ್ನೂ ಆಳದ್ದು. ಅವು ಇಂಗ್ಲಿಷಿನ ಅರ್ಥಗಳನ್ನು ಸಾಲಾಗಿ ಇಟ್ಟು ಒಂದೊಂದಕ್ಕೂ ಕನ್ನಡ ಕೊಡುತ್ತವೆ. ಹೀಗಾಗಿ ಕನ್ನಡದಲ್ಲೇ ಹುಟ್ಟಿದ ಅರ್ಥಕ್ಕೆ ಅವುಗಳ ಚೌಕಟ್ಟಿನಲ್ಲಿ ಜಾಗವೇ ಇಲ್ಲ. ಜಿ. ವೆಂಕಟಸುಬ್ಬಯ್ಯನವರು 1991ರಿಂದ ‘ಪ್ರಜಾವಾಣಿ’ಯಲ್ಲಿ ನಡೆಸಿದ ‘ಇಗೋ ಕನ್ನಡ’ ಅಂಕಣ ನನಗೆ ಹೆಚ್ಚು ಹತ್ತಿರವಾಗುವುದು ಈ ಕಾರಣಕ್ಕೆ: ಅಲ್ಲಿ ಪದದ ಪ್ರಶ್ನೆ ಓದುಗರಿಂದ ಬರುತ್ತಿತ್ತು, ಬಳಕೆ ಮುಂದೆ ನಡೆದು ಕೋಶ ಹಿಂದೆ ಬರುತ್ತಿತ್ತು. ಎರವಲು ಪದಗಳಿಗಾಗಿಯೇ ಅವರು ಪ್ರತ್ಯೇಕ ಕೋಶವನ್ನೂ ಮಾಡಿದರು. ಆ ದಾರಿಯಲ್ಲಿ ಮುಂದಿನ ಹೆಜ್ಜೆಯೆಂದರೆ ಪದವನ್ನು ಒಂಟಿಯಾಗಿ ನಿಲ್ಲಿಸದೆ ‘ಲೈನ್ ಎಳೆ’, ‘ಲೈನ್ ಹೊಡೆ’, ‘ಲೈನಿಗೆ ಬಾ’ ಎಂದು ಕ್ರಿಯಾಪದದೊಡನೆ ಉಲ್ಲೇಖಿಸುವುದು.

ಸಾಲು, ಗೆರೆ, ತಂತಿ, ಸರತಿ ಇರುವಾಗ ಲೈನ್ ಏಕೆ ಎಂಬ ಆಕ್ಷೇಪವನ್ನು ನಾನು ಹಗುರವಾಗಿ ನೋಡಲಾರೆ. ನಾಲ್ಕು ಪದಗಳ ಜಾಗದಲ್ಲಿ ಒಂದು ಬಂದು ಕೂತರೆ ಅದು ನಷ್ಟವೇ. ‘ಸರತಿ’ ಈಗ ಮಾತಿನಿಂದ ಸರಿದು ಪತ್ರಿಕೆಯ ಪುಟಕ್ಕೆ ಸೇರಿರುವುದು ನೋವಿನ ಸಂಗತಿ. ಇಂಗ್ಲಿಷ್ ಪದಗಳಿಗೆ ಕನ್ನಡದ್ದೇ ಪದ ಕಟ್ಟಿಕೊಳ್ಳಬೇಕೆಂಬ ಡಿ.ಎನ್. ಶಂಕರ ಭಟ್ಟರ ವಾದದ ಹಿಂದೆ ಇದ್ದದ್ದು ಭಾಷೆಯ ಮೇಲಿನ ನಿಜವಾದ ಕಾಳಜಿ. ಆದರೆ ಮೇಲಿನಿಂದ ಕೊಟ್ಟ ಪದ ಏನಾಗುತ್ತದೆ ಎನ್ನುವುದಕ್ಕೆ ವಿದ್ಯುತ್ ಇಲಾಖೆಯೇ ಉದಾಹರಣೆ. ಲೈನ್‌ಮ್ಯಾನ್‌ಗೆ ಕಡತದಲ್ಲಿ ‘ಮಾರ್ಗದಾಳು’ ಎಂಬ ಹೆಸರಿತ್ತು. ಕಂಬ ಹತ್ತುವವನನ್ನು ಊರಿನವರು ಆ ಹೆಸರಿನಿಂದ ಕರೆಯಲಿಲ್ಲ. 2024ರ ನೇಮಕಾತಿಯ ಹೊತ್ತಿಗೆ ಹುದ್ದೆ ‘ಕಿರಿಯ ಪವರ್‌ಮ್ಯಾನ್’ ಆಗಿತ್ತು. ಅಂದರೆ ಸರ್ಕಾರ ಕನ್ನಡ ಪದವನ್ನು ಬಿಟ್ಟು, ಜನ ಬಳಸುವ ಇಂಗ್ಲಿಷನ್ನೂ ಬಿಟ್ಟು ಮೂರನೆಯದೊಂದನ್ನು ತಂದಿತು. ಕರೆಂಟು ಹೋದಾಗ ಜನ ಹುಡುಕುವುದು ಈಗಲೂ ಲೈನ್‌ಮ್ಯಾನನ್ನೇ. ಅರಿಶಿನದ ಹೊಲದಲ್ಲಿ ‘ಸಾಲು’ ಯಾರ ಆದೇಶವೂ ಇಲ್ಲದೆ ಉಳಿದಿದೆ, ಏಕೆಂದರೆ ಅಲ್ಲಿ ಅದಕ್ಕೆ ದಿನವೂ ಕೆಲಸವಿದೆ.

ಬೀದಿಮಾತು ಬೇಗ ಸಾಯುತ್ತದೆ, ಕೋಶಕ್ಕೆ ಸೇರಿಸಿ ಫಲವೇನು ಎನ್ನುವವರೂ ಇದ್ದಾರೆ. ಈ ಪದದ ವಿಷಯದಲ್ಲಿ ಆಗಿರುವುದು ತಿರುವುಮುರುವು. ‘ಲೈನ್ ಸಿಕ್ತಾ?’ ಎಂದು ಟ್ರಂಕ್ ಕಾಲಿಗೆ ಕಾಯುವ ಕಾಲದ ಶಿಷ್ಟ ಅರ್ಥ ಮೊಬೈಲ್ ಬಂದ ಮೇಲೆ ಸವೆಯಿತು. ಲೈನ್ ಹೊಡೆಯುವುದು ಮಾತ್ರ ತಲೆಮಾರು ದಾಟಿಯೂ ಸವೆದಿಲ್ಲ. ಅಚ್ಚಿಗೆ ಯೋಗ್ಯವಲ್ಲ ಎಂಬ ತಕರಾರೂ ನಿಲ್ಲದು. ಪಕ್ಕದ ನಂಜನಗೂಡು ಸೀಮೆಯ ಆಡುಮಾತಿನಲ್ಲಿ 1984ರಲ್ಲಿ ಬಂದ ದೇವನೂರ ಮಹಾದೇವರ ‘ಕುಸುಮಬಾಲೆ’ಗೆ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂದು ಎಷ್ಟೋ ಕಾಲವಾಯಿತು.

ಎಲ್ಲಕ್ಕಿಂತ ಗಟ್ಟಿಯಾದ ಆಕ್ಷೇಪ ಸಭ್ಯತೆಯದು: ಹೆಣ್ಣುಮಕ್ಕಳಿಗೆ ಕಿರುಕುಳವಾಗುವ ನಡತೆಗೆ ಕೋಶ ಮಾನ್ಯತೆ ಕೊಟ್ಟಂತಾಗುವುದಿಲ್ಲವೇ? ನನ್ನ ದೃಷ್ಟಿಯಲ್ಲಿ ದಾಖಲಿಸಲೇಬೇಕಾದ ಕಾರಣ ಇದೇ. ಈ ನುಡಿಗಟ್ಟು ಎರಡು ಬೇರೆ ಸಂಗತಿಗಳನ್ನು ಒಂದೇ ನಗೆಯಲ್ಲಿ ಮುಚ್ಚಿಡುತ್ತದೆ. ಇಬ್ಬರಿಗೂ ಇಷ್ಟವಿರುವ ಕಣ್ಣೋಟಕ್ಕೂ ಇದೇ ಮಾತು, ಬೇಡವೆಂದ ಮೇಲೂ ಬಸ್‌ಸ್ಟ್ಯಾಂಡಿನಿಂದ ಕಾಲೇಜಿನ ಗೇಟಿನವರೆಗೆ ಹಿಂಬಾಲಿಸುವುದಕ್ಕೂ ಇದೇ ಮಾತು. 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನ್ಯಾಯ ಸಂಹಿತೆಯ 78ನೆಯ ಕಲಂ, ಆಸಕ್ತಿಯಿಲ್ಲವೆಂದು ಹೆಣ್ಣು ಸ್ಪಷ್ಟಪಡಿಸಿದ ಮೇಲೂ ಮತ್ತೆ ಮತ್ತೆ ಹಿಂಬಾಲಿಸಿ ಸಂಪರ್ಕಕ್ಕೆ ಯತ್ನಿಸುವುದನ್ನು ಅಪರಾಧವೆನ್ನುತ್ತದೆ. ‘ಲೈನ್ ಹೊಡೀತಾನೆ’ ಎಂದು ಹುಡುಗಿಯೊಬ್ಬಳು ಬಂದು ಹೇಳಿದರೆ ಕೇಳಿಸಿಕೊಳ್ಳುವವರಿಗೆ ಅದು ಎರಡರಲ್ಲಿ ಯಾವುದು ಎಂದು ಕೇಳುವ ಬುದ್ಧಿ ಬರಬೇಕು. ‘ಪ್ರೀತಿಸಲು ಯತ್ನಿಸು’ ಎಂದು ಬರೆದು ಕೈತೊಳೆದುಕೊಳ್ಳುವ ಕೋಶ ಆ ಹುಡುಗಿಗೆ ಅನ್ಯಾಯ ಮಾಡುತ್ತದೆ. ಎರಡು ಅರ್ಥಗಳನ್ನೂ ಬೇರೆ ಬೇರೆ ಸಂಖ್ಯೆ ಕೊಟ್ಟು ಬಿಡಿಸಿ, ಎರಡನೆಯದರ ಮುಂದೆ ‘ಒಪ್ಪಿಗೆಯಿಲ್ಲದೆ’ ಎಂದು ಬರೆಯಬೇಕು.